ಮದುವೆ ಮುಂಗಡ ‘ಪೂರ್ತಿ ವಾಪಸ್’: ಅಂಥ ಕಾನೂನಿಲ್ಲ

ಮದುವೆಯ ಖರ್ಚು ತಗ್ಗಿಸಿದರೆ ಮಂಟಪ, ಶಾಮಿಯಾನ, ಅಡುಗೆಯವರು ಪಡೆದ ಮುಂಗಡವನ್ನು ಪೂರ್ತಿ ಮರಳಿಸಲೇಬೇಕೆಂಬ ಸಂದೇಶ ಕಲಬುರಗಿಯ ವಾಟ್ಸ್‌ಆ್ಯಪ್ ಗುಂಪುಗಳಲ್ಲಿ ಹರಿದಾಡುತ್ತಿದೆ. ಅಂಥ ಕಾನೂನಿಲ್ಲ. ವ್ಯವಹಾರ ಖಚಿತಪಡಿಸಲು ಸಂಚಕಾರವೆಂದು ಕೊಟ್ಟ ಸಣ್ಣ ಮೊತ್ತ ಕೈಬಿಟ್ಟು ಹೋಗಬಹುದು. ಹಾಗೆಂದು ರಸೀದಿಯಲ್ಲಿ ‘ಹಣ ಹಿಂತಿರುಗಿಸುವುದಿಲ್ಲ’ ಎಂದು ಅಚ್ಚಾಗಿದೆಯೆಂದು ಲಕ್ಷಗಟ್ಟಲೆ ಬಿಟ್ಟು ಬರಬೇಡಿ, ದಯವಿಟ್ಟು! 1872ರ ಕರಾರು ಕಾಯ್ದೆಯ 74ನೇ ಕಲಂ ಕರಾರು ಮುರಿದಾಗ ಎದುರಿನವರಿಗೆ ಕೊಡಿಸುವುದು ನ್ಯಾಯೋಚಿತ ಪರಿಹಾರವನ್ನು ಮಾತ್ರ. ಅದೇ ಮುಹೂರ್ತಕ್ಕೆ ಮಂಟಪ ಇನ್ನೊಬ್ಬರಿಗೆ ಹೋಗಿದ್ದರೆ ಮಾಲೀಕರಿಗಾದ ನಷ್ಟವೆಷ್ಟು ಎಂದು ಕೇಳಿ.

ಅಡುಗೆಯವರೊಂದಿಗೆ ಕರಾರು ಮುರಿಯುವುದಕ್ಕಿಂತ ಎಲೆಗಳ ಸಂಖ್ಯೆ ಇಳಿಸುವುದೇ ಮೇಲು. ಕಿರಾಣಿ ಖರೀದಿಗೆ ಮೊದಲೇ ಹೇಳಿ, ಒಪ್ಪಿಗೆಯನ್ನು ಬರಹದಲ್ಲಿ ಪಡೆಯಿರಿ. ಮಾತು ಮುರಿದರೆ ಗ್ರಾಹಕ ಸಹಾಯವಾಣಿ 1915ಕ್ಕೆ ಕರೆ ಮಾಡಿ. ಜಿಲ್ಲಾ ಗ್ರಾಹಕ ಆಯೋಗಕ್ಕೆ ದೂರು ಕೊಡಲು ಎರಡು ವರ್ಷಗಳ ಅವಕಾಶವಿದೆ.