ತಿಮೆಕ್ ಯಾಕೆ ಸುಮ್ಮನಿದ್ದ?

ಪೋಲೆಂಡಿನ ಕ್ರಾಕುವ್‌ಗೆ ಬಂದು ಐದು ವರ್ಷ ಆಯ್ತು. ಪೋಲಿಷ್ ಭಾಷೆಯಲ್ಲಿ ತಡವರಿಸದೆ ನನ್ನ ಬಾಯಿಗೆ ಬರುವುದು ಮೂರೇ ಪದ. ಒಸ್ತ್ರಿ, ವಗೊದ್ನಿ, ಮಿಯೆಶಾನಿ. ಖಾರ, ಸಪ್ಪೆ, ಎರಡೂ ಬೆರೆಸಿದ್ದು. ಕೆಬಾಬ್ ಅಂಗಡಿಯಲ್ಲಿ ಯಾವ ಸಾಸ್ ಹಾಕಲಿ ಅಂತ ಕೇಳುತ್ತಾರಲ್ಲ, ಅದಕ್ಕೆ ಉತ್ತರ.

ನಮ್ಮಲ್ಲಿ ರಾತ್ರಿ ಹನ್ನೊಂದಕ್ಕೆ ಎಗ್‌ರೈಸ್ ಗಾಡಿ ಹೇಗೋ ಇಲ್ಲಿ ಕೆಬಾಬ್ ಹಾಗೆ. ನಮ್ಮ ಕರಿದ ಚಿಕನ್ ಕಬಾಬ್ ಅಲ್ಲ, ಕಂಬಿಗೆ ಚುಚ್ಚಿ ಸುಟ್ಟ ಮಾಂಸ ಹೆರೆದು ಬ್ರೆಡ್ಡಿನಲ್ಲಿಟ್ಟು ಕೊಡುವುದು. ಸಣ್ಣ ಊರಲ್ಲೂ ಒಂದಾದರೂ ಇರುತ್ತದೆ. ಕೌಂಟರ್ ಹಿಂದೆ ಇರುವವರು ಟರ್ಕಿಯವರೋ, ಬಾಂಗ್ಲಾದವರೋ, ನೇಪಾಳದವರೋ, ನಮ್ಮ ಪಂಜಾಬಿನವರೋ ಆಗಿರುತ್ತಾರೆ. ತಿನ್ನುವವರು ಊರಿನ ಹುಡುಗರು.

ಒಂದು ಶನಿವಾರ ರಾತ್ರಿ ಇಂಥದ್ದೇ ಅಂಗಡಿಯ ಸಾಲಿನಲ್ಲಿ ನಿಂತಿದ್ದೆ. ನನ್ನ ಮುಂದೆ ನಾಲ್ಕು ಹುಡುಗರು, ನಾಲ್ವರೂ ಕುಡಿದಿದ್ದರು. ಮಾಂಸ ಹೆರೆಯುತ್ತಿದ್ದ ಹುಡುಗನ ಉಚ್ಚಾರಣೆಯನ್ನು ಒಬ್ಬ ಅಣಕಿಸಿದ. ಉಳಿದವರು ನಕ್ಕರು. ಅವನು ಇನ್ನೊಮ್ಮೆ ಅಣಕಿಸಿದ, ಇನ್ನೂ ಜೋರಾಗಿ. ಕೌಂಟರಿನ ಹುಡುಗ ತಲೆ ಎತ್ತದೆ ಈರುಳ್ಳಿ ಹಾಕಿದ, ಎಲೆಕೋಸು ಹಾಕಿದ, ಕಾಗದ ಸುತ್ತಿ ಕೊಟ್ಟ. ನಾನು ಏನು ಮಾಡಿದೆ? ಫೋನ್ ತೆಗೆದು ನೋಡುತ್ತಾ ನಿಂತೆ. ಮೆಸೇಜೂ ಬಂದಿರಲಿಲ್ಲ, ಏನೂ ಇಲ್ಲ. ಸುಮ್ನೆ ಸ್ಕ್ರೀನ್ ಮೇಲೆ ಬೆರಳಾಡಿಸಿದೆ. ನನ್ನ ಸರದಿ ಬಂದಾಗ "ಒಸ್ತ್ರಿ" ಅಂದೆ, ಅಷ್ಟೇ.

ಇದಾದ ಸ್ವಲ್ಪ ದಿನಕ್ಕೆ ದಾಮಿಯಾನ್ ಕೊತ್ಸುರ್ ಅನ್ನುವ ನಿರ್ದೇಶಕನ ಮೊದಲ ಸಿನಿಮಾ ನೋಡಿದೆ. ಪೋಲಿಷ್ ಹೆಸರು 'ಖ್ಲೆಬ್ ಇ ಸುಲ್', ಅಂದರೆ ಬ್ರೆಡ್ಡು ಮತ್ತು ಉಪ್ಪು. ಇಲ್ಲಿ ಮದುವೆ ಮುಗಿಸಿ ಬರುವ ಗಂಡು ಹೆಣ್ಣನ್ನು ಅಪ್ಪ ಅಮ್ಮ ಬಾಗಿಲಲ್ಲಿ ಬ್ರೆಡ್ಡು, ಉಪ್ಪು ಹಿಡಿದು ಬರಮಾಡಿಕೊಳ್ಳುತ್ತಾರೆ. ಮೊದಲೆಲ್ಲ ಮನೆಗೆ ಬಂದವರಿಗೂ ಅದೇ ಮರ್ಯಾದೆ. ನಮ್ಮ ನೀರು-ಬೆಲ್ಲ ಇದ್ದ ಹಾಗೆ ಅಂದುಕೊಳ್ಳಿ. ಈಗ ಸಿನಿಮಾ ನಡೆಯುವ ಜಾಗ ಕೇಳಿ: ಸಣ್ಣ ಊರಿನ ಒಂದು ಕೆಬಾಬ್ ಅಂಗಡಿ ಮತ್ತು ಅದರ ಸುತ್ತಮುತ್ತ. ಬ್ರೆಡ್ಡು ಕೊಡುತ್ತಿರುವವನು ಹೊರಗಿನಿಂದ ಬಂದವನು. ತಿಂದು ಅವನನ್ನೇ ಬೈಯುತ್ತಿರುವವನು ಮನೆಯವನು. ಹೆಸರಿಟ್ಟಿರುವುದರಲ್ಲೇ ಅರ್ಧ ಮಾತು ಮುಗಿದಿದೆ.

ಇದರ ಹಿಂದೆ ನಿಜವಾಗಿ ನಡೆದ ಘಟನೆ ಇದೆ. 2016ರ ಡಿಸೆಂಬರ್ 31ರ ರಾತ್ರಿ, ಎವ್ಕ್ ಅನ್ನುವ ಊರು. 21 ವರ್ಷದ ಒಬ್ಬ ಪೋಲಿಷ್ ಹುಡುಗ ಕೆಬಾಬ್ ಅಂಗಡಿಯಿಂದ ದುಡ್ಡು ಕೊಡದೆ ಎರಡು ಬಾಟಲಿ ಕೋಲಾ ಎತ್ತಿಕೊಂಡು ಹೋದ. ಅಂಗಡಿಯವರು ಅಟ್ಟಿಸಿಕೊಂಡು ಬಂದರು, ಜಗಳ ಆಯ್ತು, ಚೂರಿ ಬಿತ್ತು, ಹುಡುಗ ಸತ್ತ. ಮರುದಿನ ಊರಿನ ಜನ ಅಂಗಡಿ ಮುಂದೆ ಸೇರಿ ಕಲ್ಲು ಹೊಡೆದು ಗಾಜು ಪುಡಿ ಮಾಡಿದರು. ಎರಡು ಬಾಟಲಿ ಕೋಲಾ! ಅದಕ್ಕೆ ಹಿಂದೆ ಎಷ್ಟು ಶನಿವಾರಗಳ ಅಣಕ ಇತ್ತೋ ಅನ್ನುವುದು ಸುದ್ದಿಯಲ್ಲಿ ಬರುವುದಿಲ್ಲ. ಕೊತ್ಸುರ್ ಸಿನಿಮಾ ಮಾಡಿರುವುದು ಆ ಶನಿವಾರಗಳ ಬಗ್ಗೆ.

ನಾಯಕನ ಹೆಸರು ತಿಮೆಕ್. (ಕೇಳಿದಾಗೆಲ್ಲ ನನಗೆ ನಮ್ಮೂರ ತಿಮ್ಮಣ್ಣ ನೆನಪಾಗುತ್ತಾನೆ, ಏನು ಮಾಡಲಿ.) ವಾರ್ಸಾದಲ್ಲಿ ಪಿಯಾನೋ ಕಲಿಯುತ್ತಿರುವ ಹುಡುಗ, ಬೇಸಿಗೆ ರಜೆಗೆ ಊರಿಗೆ ಬಂದಿದ್ದಾನೆ. ತಮ್ಮ ಯಾತ್ಸೆಕ್ ಕೂಡ ಪಿಯಾನೋ ನುಡಿಸುತ್ತಾನೆ, ಆದರೆ ಊರಲ್ಲೇ ಉಳಿದಿದ್ದಾನೆ. ಬೆಳಿಗ್ಗೆ ಪಿಯಾನೋ, ಸಂಜೆ ಗೆಳೆಯರು, ಬಿಯರ್, ಕೆಬಾಬ್, ಕೆಟ್ಟ ಜೋಕು. ಈ ಇಬ್ಬರೂ ನಟರಲ್ಲ. ನಿಜ ಜೀವನದಲ್ಲೂ ಅಣ್ಣ ತಮ್ಮ, ನಿಜವಾದ ಪಿಯಾನೋ ವಾದಕರು, ಹೆಸರೂ ತಿಮೊತೆಯುಷ್ ಮತ್ತು ಯಾತ್ಸೆಕ್ ಬಿಯೆಸ್. ಹಾಗಾಗಿ ಪಿಯಾನೋ ಮುಂದೆ ಕೂತಾಗ ಕೈ ಒಂದು ಕಡೆ, ಮುಖ ಒಂದು ಕಡೆ ತೋರಿಸುವ ಕಣ್ಕಟ್ಟು ಬೇಕಾಗಿಲ್ಲ. ಸುತ್ತ ಇರುವವರಲ್ಲೂ ಹೆಚ್ಚಿನವರು ಹಿಂದೆ ನಟಿಸಿದವರಲ್ಲ. ಅವರು ಮಾತಾಡುವುದು ಸಂಭಾಷಣೆ ಅನ್ನಿಸುವುದೇ ಇಲ್ಲ. ಅರ್ಧಕ್ಕೆ ನಿಲ್ಲುತ್ತದೆ, ಒಬ್ಬರ ಮೇಲೊಬ್ಬರು ಮಾತಾಡುತ್ತಾರೆ, ಯಾರೋ ಸುಮ್ಮನೆ ನಗುತ್ತಾರೆ.

ತಿಮೆಕ್‌ಗೆ ಎಲ್ಲವೂ ಕಾಣುತ್ತದೆ. ಅವನಿಗೆ ಕಿವಿ ಸೂಕ್ಷ್ಮ ಅಲ್ವಾ, ಮಾತಿನ ಶ್ರುತಿ ಎಲ್ಲಿ ತಪ್ಪುತ್ತಿದೆ ಅಂತ ಮೊದಲು ಗೊತ್ತಾಗುವುದು ಅವನಿಗೇ. ಆದರೂ ಹೆಚ್ಚಿನ ಹೊತ್ತು ನೋಡುತ್ತಾ ಇರುತ್ತಾನೆ. ಗೆಳೆಯರನ್ನು ಬಿಟ್ಟು ಏಳುವುದಿಲ್ಲ. ಥಿಯೇಟರಿನಲ್ಲಿ ನನಗೆ ಮೈ ಬೆವೆತಿದ್ದು ಜಗಳದ ಜಾಗದಲ್ಲಿ ಅಲ್ಲ, ಅವನು ಸುಮ್ಮನೆ ಕೂತ ಜಾಗಗಳಲ್ಲಿ. ನನ್ನ ಕೈ ಜೇಬಿನಲ್ಲಿದ್ದ ಫೋನನ್ನು ಮುಟ್ಟಿ ನೋಡಿತು.

ಈ ಸಿನಿಮಾಕ್ಕೆ 2022ರ ವೆನಿಸ್ ಚಿತ್ರೋತ್ಸವದ ಒರಿಜ್ಜೊಂತಿ ವಿಭಾಗದಲ್ಲಿ ತೀರ್ಪುಗಾರರ ವಿಶೇಷ ಬಹುಮಾನ ಬಂತು. ಆಗ 'ರಾತ್ರೋರಾತ್ರಿ ಹುಟ್ಟಿದ ಪ್ರತಿಭೆ' ಅನ್ನುವ ಧಾಟಿಯಲ್ಲಿ ಮಾತಾಡಿದವರಿದ್ದರು. ನನಗೆ ಇಂಥ ಮಾತು ಕೇಳಿದರೆ ಸಿಟ್ಟು ಬರುತ್ತದೆ. ಕೊತ್ಸುರ್ ಕತೊವಿತ್ಸೆಯ ಫಿಲಂ ಶಾಲೆಯಲ್ಲಿ ಓದಿದವನು. ಪೋಲೆಂಡ್ ಅಂದರೆ ಎಲ್ಲರ ಬಾಯಲ್ಲೂ ವುಚ್ ಊರಿನ ಶಾಲೆ. (ಇಂಗ್ಲಿಷಿನಲ್ಲಿ ಓದಿ 'ಲೋಡ್ಜ್' ಅನ್ನುತ್ತೇವಲ್ಲ, ಅದೇ. ನಾನೂ ಒಂದು ವರ್ಷ ಹಾಗೇ ಅಂದೆ, ಆಫೀಸಿನವರು ಪಾಪ ತಿದ್ದಲಿಲ್ಲ.) ಕತೊವಿತ್ಸೆ ಕಲ್ಲಿದ್ದಲು ಗಣಿಗಳ ನಾಡು. ಅಲ್ಲಿನ ಶಾಲೆಗೆ ಈಗ ಪೋಲೆಂಡಿನ ಹೆಸರಾಂತ ನಿರ್ದೇಶಕ ಕ್ಶಿಷ್ತೋಫ್ ಕಿಯೆಶ್ಲೋವ್ಸ್ಕಿಯ ಹೆಸರಿದೆ. ಅವನು ಅಲ್ಲಿ ಪಾಠ ಮಾಡಿದ್ದ.

ಮೊದಲ ದೊಡ್ಡ ಸಿನಿಮಾಕ್ಕೆ ಮುಂಚೆ ಕೊತ್ಸುರ್ ವರ್ಷಗಟ್ಟಲೆ ಕಿರುಚಿತ್ರ ಮಾಡಿದ. ಅದರಲ್ಲಿ ಒಂದು 2020ರದ್ದು. ನದಿ ದಾಟಿಸುವ ದೋಣಿ ನಡೆಸುವ ಒಂಟಿ ಮನುಷ್ಯ ಪಾವೆವ್. ಒಂದು ದಿನ ನೀರಿನಿಂದ ಒಬ್ಬನನ್ನು ಎತ್ತುತ್ತಾನೆ. ಕಾಗದಪತ್ರ ಇಲ್ಲದ ನಿರಾಶ್ರಿತ, ಹೆಸರು ಮೊಹಮ್ಮದ್. ಒಬ್ಬರ ಭಾಷೆ ಇನ್ನೊಬ್ಬರಿಗೆ ಬರುವುದಿಲ್ಲ. ಇಷ್ಟೇ ಕಥೆ. ಇದನ್ನು ನೋಡಿದ ಮೇಲೆ ಇವನ ಹೊಲ ಯಾವುದು ಅಂತ ಗೊತ್ತಾಗಿಬಿಡುತ್ತದೆ. ಅವತ್ತಿನಿಂದ ಇವತ್ತಿನವರೆಗೆ ಅದೇ ಹೊಲವನ್ನು ಉಳುತ್ತಿದ್ದಾನೆ: ಬಾಗಿಲ ಮುಂದೆ ಒಬ್ಬ ಬಂದು ನಿಂತಿದ್ದಾನೆ, ಒಳಗಿರುವವನು ಏನು ಮಾಡುತ್ತಾನೆ?

ಇನ್ನು ದುಡ್ಡಿನ ಮಾತು. ಸಿನಿಮಾ ಬರಹಗಳಲ್ಲಿ ಯಾಕೋ ಇದನ್ನು ಹೇಳುವುದೇ ಇಲ್ಲ. ಇಲ್ಲಿ 2005ರ ಕಾನೂನಿನಿಂದ ಬಂದ ಪೋಲಿಷ್ ಫಿಲಂ ಇನ್‌ಸ್ಟಿಟ್ಯೂಟ್ ಇದೆ. ಟೀವಿ ಚಾನೆಲ್, ಥಿಯೇಟರ್, ವಿತರಕರು, ಕೇಬಲ್‌ನವರು ತಮ್ಮ ಆದಾಯದಲ್ಲಿ 1.5 ಶೇಕಡಾ ಇದಕ್ಕೆ ಕೊಡಬೇಕು. 2020ರಿಂದ ಆನ್‌ಲೈನ್ ಸಿನಿಮಾ ಕಂಪನಿಗಳೂ ಕೊಡಬೇಕು. ಅಂದರೆ ಜನ ನೋಡುವ ಸಿನಿಮಾದ ದುಡ್ಡಲ್ಲಿ ಒಂದು ಪಾಲು ಇನ್ನೂ ಹುಟ್ಟದ ಸಿನಿಮಾಕ್ಕೆ ಹೋಗುತ್ತದೆ. ಜೊತೆಗೆ ಚಿತ್ರಕರ್ಮಿಗಳ ಸಂಘದ್ದೇ ಒಂದು ಸ್ಟುಡಿಯೊ ಇದೆ, ಆಂಜೆಯ್ ಮುಂಕ್ ಹೆಸರಿನದು. 1961ರಲ್ಲಿ ಕಾರು ಅಪಘಾತದಲ್ಲಿ ತೀರಿಕೊಂಡ ನಿರ್ದೇಶಕ ಅವನು. ಹೊಸಬರಿಗೆ ಮೊದಲ ಅವಕಾಶ ಕೊಡುವುದೇ ಈ ಸ್ಟುಡಿಯೊದ ಕೆಲಸ. 'ಬ್ರೆಡ್ಡು ಮತ್ತು ಉಪ್ಪು' ಬಂದಿದ್ದು ಇಲ್ಲಿಂದಲೇ. ದುಡ್ಡು ಕಡಿಮೆ. ಆದರೆ ಕಡಿಮೆ ದುಡ್ಡಿನವನಿಗೆ ದೊಡ್ಡ ಸ್ಟಾರ್ ಹಾಕು, ಕೊನೆಯಲ್ಲಿ ಒಂದು ಒಳ್ಳೆಯ ಮಾತು ಹೇಳಿಸು ಅಂತ ಕಿವಿ ಕಚ್ಚುವವರೂ ಕಡಿಮೆ. ಪಿಯಾನೋ ನುಡಿಸುವ ಇಬ್ಬರು ಅಣ್ಣ ತಮ್ಮಂದಿರನ್ನು ನಂಬಿ ಪೂರ್ತಿ ಸಿನಿಮಾ ಮಾಡುವುದು ಹೀಗಿದ್ದಾಗಲೇ ಸಾಧ್ಯ ಅಂತ ನನ್ನ ಅಂದಾಜು.

ಎರಡನೆಯ ಸಿನಿಮಾ 'ಜ್ವಾಲಾಮುಖಿಯ ಅಡಿಯಲ್ಲಿ', 2024ರದ್ದು. ಟೊರೊಂಟೊ ಚಿತ್ರೋತ್ಸವದಲ್ಲಿ ಮೊದಲ ಪ್ರದರ್ಶನ, ಆಮೇಲೆ ಪೋಲೆಂಡಿನಿಂದ ಆಸ್ಕರ್‌ಗೆ ಕಳಿಸಿದ್ದೂ ಅದನ್ನೇ. ಸ್ಪೇನಿನ ಟೆನೆರೀಫ್ ದ್ವೀಪಕ್ಕೆ ರಜೆಗೆ ಬಂದ ಉಕ್ರೇನಿನ ಕುಟುಂಬ. ಅಪ್ಪ, ಅವನ ಎರಡನೇ ಹೆಂಡತಿ, ಹರೆಯದ ಮಗಳು, ಪುಟ್ಟ ಮಗ. ಊರಿಗೆ ಹೊರಡುವ ಹೊತ್ತಿಗೆ, 2022ರ ಫೆಬ್ರವರಿ 24ರಂದು, ಯುದ್ಧ ಶುರು. ವಿಮಾನ ಇಲ್ಲ. ಪ್ರವಾಸಿಗಳಾಗಿ ಬಂದವರು ಅದೇ ಹೋಟೆಲಿನಲ್ಲಿ ನಿರಾಶ್ರಿತರಾಗಿಬಿಟ್ಟರು. ಈಜುಕೊಳ ಅಲ್ಲೇ ಇದೆ, ಬಿಸಿಲೂ ಅಲ್ಲೇ ಇದೆ, ಕೈಯಲ್ಲಿ ಮಾತ್ರ ಫೋನು, ಫೋನಿನಲ್ಲಿ ಊರು. ಮತ್ತೆ ಅದೇ, ದೂರದಿಂದ ನೋಡುತ್ತಾ ಏನೂ ಮಾಡಲಾಗದವರು. ಆದರೆ ತಿಮೆಕ್‌ಗೆ ಎದ್ದು ಹೋಗುವ ದಾರಿ ಇತ್ತು, ಇವರಿಗೆ ಇಲ್ಲ. ಇದಕ್ಕೂ ಮೊದಲು 2023ರಲ್ಲಿ ಅನಸ್ತಾಸಿಯಾ ಸೊಲೊನೆವಿಚ್ ಜೊತೆ ಸೇರಿ ಮಾಡಿದ ಕಿರುಚಿತ್ರವೊಂದು ಫ್ರಾನ್ಸಿನ ಕಾನ್ ಚಿತ್ರೋತ್ಸವದ ಸ್ಪರ್ಧೆಯಲ್ಲಿತ್ತು. ಬರ್ಲಿನ್‌ನಲ್ಲಿರುವ ಹುಡುಗಿ ಸ್ವಲ್ಪ ದಿನಕ್ಕೆ ಅಂತ ಕೀವ್‌ನ ಮನೆಗೆ ಬರುವ ಕಥೆ. ಆ ವಿಷಯದಲ್ಲಿ ಕೈ ಪಳಗಿಸಿಕೊಂಡೇ ದೊಡ್ಡ ಸಿನಿಮಾಕ್ಕೆ ಇಳಿದಿದ್ದಾನೆ.

ನಿಜ ಹೇಳಬೇಕೆಂದರೆ ಎರಡನೆಯದು ನನಗೆ ಮೊದಲಿನಷ್ಟು ಹಿಡಿಸಲಿಲ್ಲ. ಚೆನ್ನಾಗಿದೆ, ಸ್ವಲ್ಪ ಜಾಸ್ತಿಯೇ ಚೆನ್ನಾಗಿದೆ. ಮಗಳಿಗೆ ಆಫ್ರಿಕಾದಿಂದ ಬಂದ ಒಬ್ಬ ಹುಡುಗ ಪರಿಚಯವಾಗುತ್ತಾನೆ. ಅವನೂ ಮನೆ ಬಿಟ್ಟವನು, ಅವಳೂ ಮನೆ ಇಲ್ಲದವಳು. ಹೀಗೆ ತಕ್ಕಡಿಯ ಎರಡು ತಟ್ಟೆ ಸಮ ಮಾಡಿದಂತೆ ಇಟ್ಟಾಗ ನಿರ್ದೇಶಕನ ಕೈ ಕಾಣಿಸಿತು. ಮೊದಲ ಸಿನಿಮಾದಲ್ಲಿ ಕೈ ಕಂಡಿರಲಿಲ್ಲ. ಮಗಳ ಪಾತ್ರ ಮಾಡಿರುವ ಸೋಫಿಯಾ ಬೆರೆಜೊವ್ಸ್ಕಾ ಮಾತ್ರ ಕಣ್ಣಲ್ಲೇ ಉಳಿದಿದ್ದಾಳೆ.

ಆ ಸಲದ ಆಸ್ಕರ್ ಅಂತಿಮ ಪಟ್ಟಿಗೆ ಇದು ಹೋಗಲಿಲ್ಲ. ಹೋದದ್ದು ಮಾಗ್ನುಸ್ ಫೋನ್ ಹೊರ್ನ್‌ನ ಸಿನಿಮಾ, ಡೆನ್ಮಾರ್ಕ್ ಹೆಸರಲ್ಲಿ. ಅವನು ಹುಟ್ಟಿದ್ದು ಸ್ವೀಡನ್ನಿನಲ್ಲಿ, ಸಿನಿಮಾ ಕಲಿತದ್ದು ವುಚ್‌ನಲ್ಲಿ. ಒಟ್ಟಿನಲ್ಲಿ ಪೋಲೆಂಡ್ ಒಂದು ಬಾಗಿಲಲ್ಲಿ ಸೋತು ಇನ್ನೊಂದು ಬಾಗಿಲಲ್ಲಿ ಒಳಗೆ ಹೋಯ್ತು ಅಂತ ಆಫೀಸಿನಲ್ಲಿ ನಗಾಡಿದೆವು.

ನಿರಾಶ್ರಿತರ ವಿಷಯದಲ್ಲಿ ಇಲ್ಲಿನ ಹಿರಿಯ ನಿರ್ದೇಶಕಿ ಅಗ್ನಿಯೆಶ್ಕಾ ಹೊಲ್ಲಾಂಡ್ 2023ರಲ್ಲಿ ಬೆಲಾರುಸ್ ಗಡಿಯ ಬಗ್ಗೆ ಸಿನಿಮಾ ಮಾಡಿದಾಗ ಪೋಲೆಂಡಿನ ಆಗಿನ ಸರ್ಕಾರದ ಮಂತ್ರಿಗಳೇ ಆಕೆಯ ಮೇಲೆ ಮುಗಿಬಿದ್ದಿದ್ದರು. ಆಕೆ ಕೂಗಿ ಹೇಳುವ ಹೆಣ್ಣುಮಗಳು, ಕೂಗಲೇಬೇಕಾದ ಹೊತ್ತೂ ಆಗಿತ್ತು. ಕೊತ್ಸುರ್ ಕೂಗುವುದಿಲ್ಲ. ಪಕ್ಕದಲ್ಲಿ ಬಂದು ಕೂರುತ್ತಾನೆ. ಮಂತ್ರಿಗಳಿಗೆ ಬೈಯುವುದಕ್ಕೆ ಏನೂ ಸಿಗುವುದಿಲ್ಲ, ನೋಡಿದವನಿಗೆ ಮಾತ್ರ ನಿದ್ದೆ ಬರುವುದಿಲ್ಲ.

ನಮ್ಮನೆಯಲ್ಲಂತೂ ಬರಲಿಲ್ಲ. ಮೊದಲ ಸಿನಿಮಾ ನೋಡಿ ಬಂದ ರಾತ್ರಿ ಹೆಂಡತಿ ಅನ್ನಕ್ಕಿಡುತ್ತಾ ಹೇಳಿದಳು, "ಎಲ್ಲರಿಗಿಂತ ದೊಡ್ಡ ತಪ್ಪು ಆ ತಿಮೆಕ್‌ದು ಕಣ್ರೀ. ಉಳಿದವರಿಗೆ ಗೊತ್ತಾಗ್ತಿರ್ಲಿಲ್ಲ, ಅವನಿಗೆ ಗೊತ್ತಿತ್ತು." ನಾನು ಒಪ್ಪಲಿಲ್ಲ. ಅವನು ಒಬ್ಬನೇ, ಅವರು ಅಷ್ಟು ಜನ, ಅದೇ ಊರಲ್ಲಿ ಅವನ ತಮ್ಮ ಇರಬೇಕು, ಎದ್ದು ನಿಂತು ಏನು ಮಾಡಲಿಕ್ಕಾಗುತ್ತಿತ್ತು ಅಂತ ವಾದ ಮಾಡಿದೆ. ಜೋರಾಗಿಯೇ ಮಾಡಿದೆ. ಅವಳು ಕುಕ್ಕರ್ ಮುಚ್ಚಳ ಹಾಕಿ ನನ್ನ ಕಡೆ ತಿರುಗಿದಳು.

"ನೀವ್ಯಾಕೆ ಅವನ ಪರ ಇಷ್ಟು ಮಾತಾಡ್ತಿದೀರಿ?"

ಆ ಶನಿವಾರದ ವಿಷಯ ಅವಳಿಗೆ ನಾನು ಹೇಳಿರಲಿಲ್ಲ. ಈ ಪೋಸ್ಟ್ ಓದಿದ ಮೇಲೆ ಗೊತ್ತಾಗುತ್ತದೆ.