ಖಾರದ ಪುಡಿಗೆ ನೀರಿನ ಅನುಮತಿ

ಒಣಮೆಣಸಿನಕಾಯಿ ಪುಡಿ ಮಾಡುವ ಗಿರಣಿ ಹಾಕಲು ಏನೇನು ಬೇಕು? ಒಂದು ಪಲ್ವರೈಸರ್ (ಪುಡಿ ಮಾಡುವ ಯಂತ್ರ), 10 ಎಚ್‌ಪಿ ಮೋಟಾರು, ಹತ್ತಡಿ ಇಪ್ಪತ್ತಡಿಯ ಮಳಿಗೆ, ತ್ರೀ ಫೇಸ್ ಕರೆಂಟು. ಕರೆಂಟೊಂದು ಬಿಟ್ಟರೆ ಉಳಿದದ್ದೆಲ್ಲ ವಾರದೊಳಗೆ ಒದಗುತ್ತದೆ. ಆಮೇಲೆ ಶುರುವಾಗುವುದು ಕಾಗದ.

ಪಾಲಿಕೆಯಲ್ಲಿ ಉದ್ದಿಮೆ ಪರವಾನಗಿ ಕೇಳಿದರೆ, "ಪೊಲ್ಯೂಷನ್ ಬೋರ್ಡ್ ಲೆಟರ್ ತಗೊಂಡ್ಬನ್ನಿ ಸಾರ್." ಮಂಡಳಿಯಲ್ಲಿ, "ಕಾರ್ಪೊರೇಷನ್ ಲೈಸೆನ್ಸ್ ಹಾಕೇ ಇಲ್ವಲ್ರೀ?" ವಿದ್ಯುತ್ ಕಂಪನಿಯಲ್ಲಿ, "ಎರಡೂ ಆದ್ಮೇಲೆ ಬನ್ನಿ." ಹುಚ್ಚು ಬಿಡದೆ ಮದುವೆ ಆಗೋಲ್ಲ, ಮದುವೆ ಆಗದೆ ಹುಚ್ಚು ಬಿಡೋಲ್ಲ. ಎರಡನ್ನೂ ಒಟ್ಟಿಗೆ ಮಾಡಿಸಿಕೊಡುವವನು ಎದುರಿನ ಜೆರಾಕ್ಸ್ ಅಂಗಡಿಯಲ್ಲಿ ಕೂತಿರುತ್ತಾನೆ. ಅವನಿಗೆ ಮಾತ್ರ ಯಾವ ಲೈಸೆನ್ಸೂ ಬೇಕಿಲ್ಲ.

ಮುಂದಿನದು ಬಣ್ಣ. 2016ರಲ್ಲಿ ಕೇಂದ್ರ ಮಾಲಿನ್ಯ ನಿಯಂತ್ರಣ ಮಂಡಳಿ ಉದ್ದಿಮೆಗಳನ್ನು, ಮಾಲಿನ್ಯ ಹೆಚ್ಚಿನದರಿಂದ ಕಡಿಮೆಯದಕ್ಕೆ, ಕೆಂಪು, ಕಿತ್ತಳೆ, ಹಸಿರು, ಬಿಳಿ ಎಂದು ವಿಂಗಡಿಸಿತು. ಆ ಪಟ್ಟಿಯಲ್ಲಿ 20 ಎಚ್‌ಪಿವರೆಗಿನ ಮಸಾಲೆ ಗಿರಣಿ ಹಸಿರು. 20 ಎಚ್‌ಪಿ ಗಿರಣಿಯ ಪಕ್ಕ 1 ಎಚ್‌ಪಿಯ ಜರಡಿ ಇಟ್ಟರೆ? ಕೂಡಬೇಕೋ ಬೇಡವೋ ಎಂಬುದು ಅವತ್ತು ಕುರ್ಚಿಯಲ್ಲಿರುವವರ ಗಣಿತಕ್ಕೆ ಬಿಟ್ಟದ್ದು. ಕೂಡಿದರೆಂದರೆ ನಿಮ್ಮ ಹಸಿರು ಹಣ್ಣಾಗಿ ಕಿತ್ತಳೆಯಾಯಿತು.

ಇನ್ನು ಕಾನೂನಿನ ನಿಜವಾದ ಸೊಗಸು. 1974ರ ಜಲ ಕಾಯ್ದೆಯ 25(7)ನೇ ಕಲಮಿನ ಪ್ರಕಾರ, ಸರಿಯಾದ ಅರ್ಜಿಗೆ ಮಂಡಳಿ ನಾಲ್ಕು ತಿಂಗಳು ಸುಮ್ಮನಿದ್ದರೆ ಸಮ್ಮತಿ ಸಿಕ್ಕಂತೆಯೇ. ಆದರೆ ಅರ್ಜಿ 'ಎಲ್ಲ ವಿಧದಲ್ಲೂ ಪೂರ್ಣ'ವಾಗಿರಬೇಕು. ಹಾಗಾಗಿ ಮೂರು ತಿಂಗಳು ಇಪ್ಪತ್ತೆಂಟನೇ ದಿನ ಒಂದು ಪ್ರಶ್ನೆ ಬರುತ್ತದೆ: "ತ್ಯಾಜ್ಯ ನೀರಿನ ಶುದ್ಧೀಕರಣ ಘಟಕದ ನಕ್ಷೆ ಲಗತ್ತಿಸಿಲ್ಲ." ಸ್ವಾಮಿ, ಇದು ಒಣಮೆಣಸಿನಕಾಯಿ. ನೀರು ತಗುಲಿದರೆ ಬೂಷ್ಟು ಹಿಡಿಯುತ್ತದೆ. ಇಲ್ಲಿ ಹರಿಯುವ ದ್ರವ ಅಂದರೆ ಕಣ್ಣೀರು ಮಾತ್ರ, ಅದೂ ಗಿರಾಕಿಯದ್ದು.

ಗಿರಣಿಯಿಂದ ಹೊರಡುವುದು ಧೂಳು, ಅದು 1981ರ ವಾಯು ಕಾಯ್ದೆಯ ಬಾಬತ್ತು. ಅಲ್ಲಿಯೂ ನಾಲ್ಕು ತಿಂಗಳ ಗಡುವಿದೆ, ಆದರೆ ಮೌನವೇ ಸಮ್ಮತಿ ಎಂಬ ಸಾಲು ಮಾತ್ರ ಇಲ್ಲ. ಅಲ್ಲಿಗೆ, ನೀವು ಮುಟ್ಟದ ನೀರಿಗೆ ಅನುಮತಿ ತಾನಾಗಿಯೇ ಬರಬಹುದು, ಎಬ್ಬಿಸುವ ಧೂಳಿಗೆ ಬಾರದು.

ಧೂಳಿಗೆ ಮದ್ದೇನೋ ಇದೆ. ಗಾಳಿಯನ್ನು ಸುತ್ತಿಸಿ ಪುಡಿ ಬೇರ್ಪಡಿಸುವ ಸೈಕ್ಲೋನ್, ಅದರ ಹಿಂದೆ ಉಳಿದ ಧೂಳು ಸೋಸುವ ಬಟ್ಟೆ ಚೀಲ. ಚೀಲವನ್ನು ದಿನಾ ಸಂಜೆ ಒದರದಿದ್ದರೆ ನೇಯ್ಗೆಯ ಕಣ್ಣು ಮುಚ್ಚಿ, ಗಾಳಿ ಹಿಂದಕ್ಕೆ ಒತ್ತಿ, ಮೆಣಸಿನಕಾಯಿ ಸುರಿಯುವ ಹಾಪರ್ ಬಾಯಿಂದಲೇ ಪುಡಿ ಹೊರಚಿಮ್ಮುತ್ತದೆ. ಪಕ್ಕದ ಮನೆಯವರು ಸೀನುವುದು ಆಗಲೇ. ಪರಿಶೀಲನೆಗೆ ಬಂದವರು ಇದನ್ನು ನೋಡುವಂತಿಲ್ಲ: ಸಿಎಫ್‌ಒ, ಅಂದರೆ ಗಿರಣಿ ನಡೆಸಲು ಮಂಡಳಿಯ ಸಮ್ಮತಿ, ಕೈಗೆ ಬರುವ ಮುನ್ನ ಪುಡಿ ಮಾಡುವುದು ಅಪರಾಧ. ಖಾಲಿ ಗಿರಣಿ ಗರ್ ಎನ್ನುತ್ತದೆ, ಅಧಿಕಾರಿ ಮೂಸಿ ನೋಡುತ್ತಾರೆ, 'ಧೂಳು ಕಂಡುಬಂದಿಲ್ಲ' ಎಂದು ಬರೆಯುತ್ತಾರೆ. ಶಬ್ದ ಅಳೆಯುವಾಗ ಬೀದಿಯಲ್ಲಿ ಆಟೊ ಹಾರ್ನ್ ಹೊಡೆದರೆ ಅದೂ ನಿಮ್ಮ ಖಾತೆಗೇ; ವಸತಿ ಪ್ರದೇಶದ ಹಗಲಿನ ಮಿತಿ 55 ಡೆಸಿಬಲ್.

ಕರೆಂಟು ಹೋಗುತ್ತದೆಂದು ಜನರೇಟರ್ ಇಟ್ಟಿರಾ? ಹೊಗೆ ಕೊಳವೆಯ ಎತ್ತರ ಕಟ್ಟಡದ ಎತ್ತರಕ್ಕೆ, ಜನರೇಟರ್ ಸಾಮರ್ಥ್ಯದ (ಕೆವಿಎ) ವರ್ಗಮೂಲದ 0.2 ಪಟ್ಟನ್ನು ಮೀಟರಿನಲ್ಲಿ ಸೇರಿಸಿದಷ್ಟು. 25 ಕೆವಿಎಗೆ ಸೂರಿನ ಮೇಲೆ ಒಂದು ಮೀಟರ್. ಸಣ್ಣ ಮಾತು. ಆದರೆ ಮಳಿಗೆ ಇರುವುದು ನೆಲಮಹಡಿಯಲ್ಲಿ, ಮೇಲೆ ಮಾಲೀಕರ ಮೂರು ಮಹಡಿ. ಕೊಳವೆ ಅವರ ದೇವರ ಮನೆ ಕಿಟಕಿ ಮುಂದೆ ಹಾಯಬೇಕು. ಹಳೇ ಅಳತೆಯ ಪೈಪನ್ನೇ ಅಷ್ಟು ಉದ್ದ ಎಳೆದರೆ ಹೊಗೆ ಹೊರಹೋಗಲಾರದೆ ಎಂಜಿನ್ ಉಸಿರುಗಟ್ಟುತ್ತದೆ, ವ್ಯಾಸ ಹೆಚ್ಚಿಸಬೇಕು. ಮಾಲೀಕರ ಎನ್‌ಒಸಿಗೆ ಸೂತ್ರವಿಲ್ಲ. ಬಾಡಿಗೆ ಏರುತ್ತದೆ, ಅಷ್ಟೇ.

ಕೊನೆಗೆ ಸಮ್ಮತಿ ಪತ್ರ ಬರುತ್ತದೆ, ದೊಡ್ಡ ಕಾರ್ಖಾನೆಗೆಂದು ಬರೆದಿಟ್ಟ ಷರತ್ತುಗಳ ಸಮೇತ: 'ಆವರಣದ ಸುತ್ತ ಹಸಿರು ಪಟ್ಟಿ ಬೆಳೆಸತಕ್ಕದ್ದು'. ಇನ್ನೂರು ಚದರಡಿಯ ಮಳಿಗೆಗೆ ಆವರಣ ಅಂದರೆ ಶಟರ್. ಮೀಟರ್ ಬೋರ್ಡ್ ಕೆಳಗೊಂದು ತುಳಸಿ ಕುಂಡ ಇಡಿ, ಅಕ್ಷಾಂಶ ರೇಖಾಂಶ ಕಾಣುವಂತೆ ಫೋಟೊ ತೆಗೆದು ಪೋರ್ಟಲ್‌ಗೆ ಏರಿಸಿ. ಗಿರಣಿ ಓಡಿಸುವ ಮುನ್ನವೇ ತೆಗೆಯಿರಿ. ಆಮೇಲೆ ತುಳಸಿಯೂ ಕೆಂಪು ವರ್ಗಕ್ಕೆ ಸೇರುತ್ತದೆ.