ಡೈನೋಸಾರ್ ಹೆಸರುಗಳನ್ನು ಮಕ್ಕಳಿಗೆ ಬಿಡಿಸಿ ಹೇಳೋಣ

ಡೈನೋಸಾರ್ ಹೆಸರು ಹೇಳುವುದರಲ್ಲಿ ಐದಾರು ವರ್ಷದ ಮಕ್ಕಳನ್ನು ಮೀರಿಸೋರಿಲ್ಲ. ಪ್ಯಾಕಿಸೆಫಲೋಸಾರಸ್ ಅಂತ ಒಂದೇ ಉಸಿರಿಗೆ ಹೇಳಿಬಿಡುತ್ತಾರೆ. ನಾವು ಚಪ್ಪಾಳೆ ತಟ್ಟಿ ಸುಮ್ಮನಾಗುತ್ತೇವೆ. ಆ ಹೆಸರಿನ ಅರ್ಥ ಏನು ಅಂತ ಮಗುವಿಗೆ ಹೇಳುವವರು ಬಹಳ ಕಡಿಮೆ. ನನಗೆ ಇದು ದೊಡ್ಡ ನಷ್ಟ ಅನ್ನಿಸುತ್ತದೆ. ಪ್ಯಾಕಿಸ್ ಅಂದರೆ ದಪ್ಪ, ಕೆಫಲೆ ಅಂದರೆ ತಲೆ, ಸೌರೋಸ್ ಅಂದರೆ ಹಲ್ಲಿ. ಮೂರೂ ಗ್ರೀಕ್ ಪದಗಳು. ಆ ಪ್ರಾಣಿಯ ನೆತ್ತಿಯ ಮೂಳೆ 25 ಸೆಂಟಿಮೀಟರಿನಷ್ಟು ದಪ್ಪ ಇರುತ್ತಿತ್ತು. ಹೆಸರು ಬಿಡಿಸಿದರೆ ಆ ತಲೆಯೇ ಕಣ್ಣಮುಂದೆ ಬರುತ್ತದೆ.

ಇದಕ್ಕೆ ಗ್ರೀಕ್ ಪಂಡಿತರಾಗಬೇಕಿಲ್ಲ. ಹತ್ತಿಪ್ಪತ್ತು ಪದ ಗೊತ್ತಿದ್ದರೆ ಸಾಕು. ಟ್ರೈಸೆರಾಟಾಪ್ಸ್ ತಗೊಳ್ಳಿ. ಟ್ರೈ ಅಂದರೆ ಮೂರು, ಕೆರಾಸ್ ಅಂದರೆ ಕೊಂಬು, ಓಪ್ಸ್ ಅಂದರೆ ಮುಖ. ಆ ಟ್ರೈಗೂ ಸಂಸ್ಕೃತದಿಂದ ನಮಗೆ ಬಂದ 'ತ್ರಿ'ಗೂ ಮೂಲ ಒಂದೇ. ಇಗ್ವಾನೋಡಾನ್ ಕೊನೆಯಲ್ಲಿರುವ ಓಡಾನ್ ಅಂದರೆ ಹಲ್ಲು. ಅದು 'ದಂತ'ದ ನೆಂಟ.

ಇಗ್ವಾನೋಡಾನ್ ಕಥೆ ನನಗೆ ತುಂಬಾ ಇಷ್ಟ. ಇಂಗ್ಲೆಂಡಿನ ಸಸೆಕ್ಸ್‌ನಲ್ಲಿ ಗಿಡಿಯನ್ ಮ್ಯಾಂಟೆಲ್ ಅನ್ನೋ ವೈದ್ಯನಿಗೆ ಕೆಲವು ದೊಡ್ಡ ಹಲ್ಲುಗಳು ಸಿಕ್ಕಿದ್ದವು. ಯಾವ ಪ್ರಾಣಿಯದ್ದು ಅಂತ ಯಾರೂ ಸರಿಯಾಗಿ ಹೇಳಲಿಲ್ಲ. ಕೊನೆಗೆ ಲಂಡನ್ನಿನ ಮ್ಯೂಸಿಯಂ ಒಂದರಲ್ಲಿ ಇಗ್ವಾನಾ ಅನ್ನೋ ಅಮೆರಿಕದ ದೊಡ್ಡ ಓತಿಯ ಹಲ್ಲಿನ ಜೊತೆ ಇಟ್ಟು ನೋಡಿದರೆ ಅದೇ ಆಕಾರ, ಗಾತ್ರ ಮಾತ್ರ ಎಷ್ಟೋ ಪಟ್ಟು ಜಾಸ್ತಿ. 1825ರಲ್ಲಿ ಅವನು 'ಇಗ್ವಾನಾ ಹಲ್ಲಿನದು' ಅಂತ ಹೆಸರಿಟ್ಟ. ಅದರ ಹೆಬ್ಬೆರಳಿನ ಮುಳ್ಳನ್ನು ಮೂಗಿನ ಮೇಲಿನ ಕೊಂಬು ಅಂತ ಚಿತ್ರ ಬರೆದ. 1878ರಲ್ಲಿ ಬೆಲ್ಜಿಯಂನ ಕಲ್ಲಿದ್ದಲು ಗಣಿಯಲ್ಲಿ ಪೂರ್ತಿ ಅಸ್ಥಿಪಂಜರಗಳು ಸಿಕ್ಕಮೇಲೆ ಆ ಕೊಂಬು ಕೈಗೆ ಇಳಿಯಿತು. ಹೆಸರು ಹಾಗೇ ಉಳಿಯಿತು.

1842ರಲ್ಲಿ ಇಂಗ್ಲೆಂಡಿನ ಪ್ರಾಣಿವಿಜ್ಞಾನಿ ರಿಚರ್ಡ್ ಓವೆನ್ 'ಡೈನೋಸಾರ್' ಅನ್ನೋ ಹೆಸರು ಕಟ್ಟಿದಾಗ ಅವನ ಮುಂದೆ ಇದ್ದಿದ್ದು ಇಂಥ ಮೂರೇ ಪ್ರಾಣಿಗಳ ಮೂಳೆಗಳು. ನಮ್ಮಲ್ಲಿ ಇದನ್ನು 'ಭಯಂಕರ ಹಲ್ಲಿ' ಅಂತ ಹೇಳಿ ಮುಗಿಸುತ್ತಾರೆ. ಅದರ ಮೊದಲ ತುಂಡಿಗೆ ಓವೆನ್ ಕೊಟ್ಟ ಅರ್ಥ 'ಭಯ ಹುಟ್ಟಿಸುವಷ್ಟು ದೊಡ್ಡದು' ಅಂತ. ಅವುಗಳ ಗಾತ್ರ ನೋಡಿ ಬೆರಗಾದವನ ಮಾತು ಅದು. ಸೌರೋಸ್ ಅನ್ನೋದನ್ನೂ ಬರೀ ಹಲ್ಲಿ ಅಂದರೆ ಸಾಲದು. ನಮಗೆ ಹಲ್ಲಿ ಬೇರೆ, ಓತಿ ಬೇರೆ, ಉಡ ಬೇರೆ. ಆ ಒಂದು ಪದ ಈ ಇಡೀ ಬಳಗಕ್ಕೆ ಸಲ್ಲುತ್ತದೆ. ಇನ್ನೊಂದು ವಿಷಯವನ್ನೂ ಮಕ್ಕಳಿಗೆ ಹೇಳಲೇಬೇಕು: ಡೈನೋಸಾರ್‌ಗಳು ಈ ಬಳಗದವಲ್ಲ. ಅವುಗಳ ಹತ್ತಿರದ ನೆಂಟರು ಮೊಸಳೆಗಳು. ಹಕ್ಕಿಗಳಂತೂ ಅವುಗಳ ವಂಶವೇ.

ಹಾಗಾದರೆ ತಪ್ಪು ಹೆಸರು ಯಾಕೆ ಇಟ್ಟುಕೊಳ್ಳಬೇಕು, ಬದಲಾಯಿಸಬಾರದಾ ಅಂತ ಕೇಳಬಹುದು. ಬೇಡ ಅನ್ನುವವನು ನಾನು. ಯಾಕೆ ಅನ್ನೋದಕ್ಕೆ ಬೇಸಿಲೋಸಾರಸ್ ಅನ್ನೋ ಹಳೇ ಕಾಲದ ಪ್ರಾಣಿಯ ಹೆಸರು ನೋಡಿ. ಅದರ ಅರ್ಥ ರಾಜ ಹಲ್ಲಿ. 1834ರಲ್ಲಿ ಅಮೆರಿಕದ ರಿಚರ್ಡ್ ಹಾರ್ಲನ್ ಇಟ್ಟ ಹೆಸರು. ಭಾರೀ ಬೆನ್ನುಮೂಳೆ ನೋಡಿ ಸಮುದ್ರದ ಸರೀಸೃಪ ಅಂದುಕೊಂಡಿದ್ದರು. ಆಮೇಲೆ ಇದೇ ಓವೆನ್ ಅದರ ದವಡೆಹಲ್ಲು ಪರೀಕ್ಷೆ ಮಾಡಿದ. ಒಂದೊಂದು ಹಲ್ಲಿಗೂ ಎರಡೆರಡು ಬೇರು. ಅದು ಸಸ್ತನಿಯ ಗುರುತು. ಪ್ರಾಣಿ ತಿಮಿಂಗಿಲ! ಓವೆನ್ ಬೇರೆ ಹೆಸರು ಸೂಚಿಸಿದ. ಆದರೆ ಮೊದಲು ಇಟ್ಟ ಹೆಸರೇ ನಿಲ್ಲಬೇಕು ಅನ್ನೋದು ಪ್ರಾಣಿಶಾಸ್ತ್ರದ ನಿಯಮ. ಹಾಗಾಗಿ ಆ ತಿಮಿಂಗಿಲ ಇವತ್ತಿಗೂ ರಾಜ ಹಲ್ಲಿ. ಈ ನಿಯಮ ನನಗೆ ಬಹಳ ಸರಿ ಅನ್ನಿಸುತ್ತದೆ. ಹೆಸರು ನೋಡಿದರೆ ಮೊದಲು ಏನು ಅಂದುಕೊಂಡಿದ್ದರು ಅಂತ ಗೊತ್ತಾಗುತ್ತದೆ, ಪ್ರಾಣಿ ನೋಡಿದರೆ ಆಮೇಲೆ ಏನು ಕಂಡುಕೊಂಡರು ಅಂತ. ವಿಜ್ಞಾನ ಹೇಗೆ ನಡೆಯುತ್ತದೆ ಅಂತ ಮಗುವಿಗೆ ತೋರಿಸೋಕೆ ಇದಕ್ಕಿಂತ ಒಳ್ಳೆ ಪಾಠ ನನಗೆ ಗೊತ್ತಿಲ್ಲ.

ಕಂಡದ್ದಕ್ಕೆ ಗೊತ್ತಿರುವ ಪ್ರಾಣಿಯ ಹೆಸರಿಡೋದು ಹಳೇ ಗ್ರೀಕರ ಕಾಲದಿಂದಲೂ ಇದೆ. ಈಜಿಪ್ಟಿನ ನೈಲ್ ನದಿಯ ಮೊಸಳೆ ನೋಡಿದ ಅಯೋನಿಯಾದ ಗ್ರೀಕರು, ತಮ್ಮೂರಿನ ಕಲ್ಲುಗೋಡೆಗಳಲ್ಲಿ ಓಡಾಡುವ ಹಲ್ಲಿಯ ಹೆಸರನ್ನೇ ಅದಕ್ಕೂ ಇಟ್ಟರು ಅಂತ ಹಳೇ ಗ್ರೀಕ್ ಇತಿಹಾಸಕಾರ ಹೆರೊಡೋಟಸ್ ಬರೆದಿದ್ದಾನೆ. ಕ್ರೊಕೊಡೈಲ್ ಅನ್ನೋ ಪದ ಹಾಗೆ ಬಂತು. ಊಸರವಳ್ಳಿಗೆ ಅವರು ಇಟ್ಟ ಹೆಸರು ಖಮೈಲಿಯೋನ್, ಅಂದರೆ ನೆಲದ ಸಿಂಹ. ಅದರಿಂದ ಕೆಮೀಲಿಯನ್.

ಗ್ರೀಕ್ ಮಾತ್ರ ಯಾಕೆ ಅನ್ನೋ ಪ್ರಶ್ನೆಯೂ ನ್ಯಾಯವಾದದ್ದೇ. ಗ್ರೀಕ್ ಮಾತ್ರ ಅಲ್ಲ. ಗೋದಾವರಿ ಸೀಮೆಯಲ್ಲಿ, ಈಗಿನ ತೆಲಂಗಾಣದಲ್ಲಿ ಸಿಕ್ಕ ನಮ್ಮ ದೇಶದ ದೊಡ್ಡ ಡೈನೋಸಾರ್‌ಗೆ 1975ರಲ್ಲಿ ಇಟ್ಟ ಹೆಸರು ಬರಾಪಾಸಾರಸ್ ಟಾಗೋರಿ. ಬರಾ ಪಾ ಅಂದರೆ ಬಂಗಾಳಿಯಲ್ಲಿ ದೊಡ್ಡ ಕಾಲು. ತೊಡೆ ಮೂಳೆಯೇ ಹೆಚ್ಚುಕಡಿಮೆ ಒಬ್ಬ ಮನುಷ್ಯನಷ್ಟು ಉದ್ದ. ಅಗೆತ ಶುರುವಾದ ಹೊತ್ತಿಗೆ ರವೀಂದ್ರನಾಥ ಠಾಗೋರರ ಜನ್ಮಶತಮಾನೋತ್ಸವ, ಅದಕ್ಕೇ ಅವರ ಹೆಸರು. ಬಂಗಾಳಿ, ಗ್ರೀಕ್, ಒಬ್ಬ ಕವಿ, ಮೂರೂ ಒಂದೇ ಹೆಸರಲ್ಲಿ! ಕೋಲ್ಕತ್ತದ ಇಂಡಿಯನ್ ಸ್ಟಾಟಿಸ್ಟಿಕಲ್ ಇನ್‌ಸ್ಟಿಟ್ಯೂಟ್‌ನಲ್ಲಿ ಅದರ ಅಸ್ಥಿಪಂಜರ ನಿಲ್ಲಿಸಿದ್ದಾರೆ. 2016ರಲ್ಲಿ ಗಂಟಲ ಕೆಳಗೆ ಬಣ್ಣದ ಬೀಸಣಿಗೆ ಬಿಚ್ಚುವ ಓತಿಗಳ ಒಂದು ಗುಂಪಿಗೆ 'ಸರಡಾ' ಅಂತ ಮರಾಠಿ ಹೆಸರೇ ಇಟ್ಟರು. ನಮ್ಮ ಪಶ್ಚಿಮ ಘಟ್ಟದ ಕಾಡಿನಲ್ಲೂ ಮೊನಿಲೆಸಾರಸ್ ಅನ್ನೋ ಪುಟ್ಟ ಓತಿ ಇದೆ. ಮೊನಿಲೆ ಅಂದರೆ ಲ್ಯಾಟಿನ್‌ನಲ್ಲಿ ಕೊರಳಹಾರ. ಅದೇ ಸಾರಸ್, ಈ ಸಲ ನಿಜವಾದ ಓತಿಗೇ.

ಮಕ್ಕಳ ಪುಸ್ತಕ ಮಾಡುವವರಿಗೆ, ಡೈನೋಸಾರ್ ಪಾರ್ಕುಗಳಲ್ಲಿ ಬೋರ್ಡ್ ಬರೆಸುವವರಿಗೆ ನನ್ನ ಕೋರಿಕೆ ಇಷ್ಟೇ. ಹೆಸರನ್ನು ಕನ್ನಡಕ್ಕೆ ಬದಲಾಯಿಸಬೇಡಿ, ಅದು ಲೋಕಕ್ಕೆಲ್ಲ ಒಂದೇ ಇರಲಿ. ಅದರ ಕೆಳಗೆ ಒಂದು ಸಾಲು ಹಾಕಿ: ಯಾವ ತುಂಡಿಗೆ ಏನು ಅರ್ಥ, ಯಾರು ಇಟ್ಟರು, ಯಾಕೆ ಇಟ್ಟರು. ಉದ್ದ, ತೂಕ ಬರೆಯೋಕೆ ಜಾಗ ಇದೆ ಅಂದಮೇಲೆ ಇದಕ್ಕೂ ಇದ್ದೇ ಇರುತ್ತದೆ, ಅಲ್ವಾ?